ಆ ಸಾಲಿನಲ್ಲಿ ‘ನಾವು’ ಅಂತಿದೆ

ಹೋದ ವಾರ ಗೆಳೆಯನೊಬ್ಬ ಕೇಳಿದ. "ಯಾರಾದರೂ ತೀರಿಕೊಂಡ ಸುದ್ದಿ ಹಾಕಿದರೆ ಸಾಕು, ಕೆಳಗೆ ನೀವೆಲ್ಲ ಒಂದೇ ಸಾಲು ಬರೀತೀರಲ್ಲ, ಇನ್ನಾ ಲಿಲ್ಲಾಹಿ ಅಂತ. ಅದು ಆರ್‌ಐಪಿ ತರಹದ್ದೇ ಅಲ್ವಾ?" ನಾನು ಏನೋ ಕೆಲಸದಲ್ಲಿದ್ದೆ. "ಹ್ಞೂಂ, ಹೆಚ್ಚುಕಡಿಮೆ ಹಾಗೇ" ಅಂದುಬಿಟ್ಟೆ. ರಾತ್ರಿ ಮಲಗಿದ ಮೇಲೆ ಆ ಉತ್ತರ ಚುಚ್ಚತೊಡಗಿತು. ಅವನಿಗೆ ಕೊಡಬೇಕಿದ್ದ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ. ಸ್ವಲ್ಪ ಉದ್ದವಾಗುತ್ತದೆ, ಬಿಡುವಿದ್ದಾಗ ಓದಿ.

ಪೂರ್ತಿ ಸಾಲು ಹೀಗಿದೆ: ಇನ್ನಾ ಲಿಲ್ಲಾಹಿ ವ ಇನ್ನಾ ಇಲೈಹಿ ರಾಜಿಊನ್. ನಾವು ಅಲ್ಲಾಹನವರು, ನಾವು ಅವನ ಕಡೆಗೇ ಮರಳುವವರು. ಅಷ್ಟೇ. ಇದರಲ್ಲಿ ಸತ್ತವರ ಬಗ್ಗೆ ಒಂದು ಮಾತೂ ಇಲ್ಲ ನೋಡಿ. ಅವರಿಗೆ ಶಾಂತಿ ಸಿಗಲಿ ಅಂತಿಲ್ಲ. ಅವರು ಹೋದರು ಅಂತಲೂ ಇಲ್ಲ. ಎರಡು ಸಲವೂ ‘ನಾವು’ ಅಂತಲೇ ಇದೆ. ಸುದ್ದಿ ಅವರದು, ಮಾತು ನಮ್ಮದು. ಈ ಸಾಲನ್ನು ಎಷ್ಟೋ ಸಲ ಕಾಪಿ ಮಾಡಿ ಪೇಸ್ಟ್ ಮಾಡಿದ್ದೇನೆ, ಒಮ್ಮೆಯೂ ಇದು ಹೊಳೆದಿರಲಿಲ್ಲ. ಎರಡು ವರ್ಷದ ಹಿಂದೆ ಅಬ್ಬ (ನನ್ನ ತಂದೆ) ತೀರಿಕೊಂಡಾಗ ಆ ಸಾಲು ನನ್ನ ಫೋನಿಗೇ ಬರತೊಡಗಿತು. ರಾತ್ರಿಯಿಡೀ ಅದನ್ನೇ ಓದುತ್ತಾ ಕೂತಿದ್ದೆ. ಬರೆಯುವಾಗ ಕಾಣದ್ದು ಓದುವಾಗ ಕಂಡಿತು.

ಸಾವಿಗೆ ಕನ್ನಡದಲ್ಲಿ ನಾವು ಬಳಸುವ ಮಾತುಗಳನ್ನು ಗಮನಿಸಿ. ಹೋದರು, ಹೋಗಿಬಿಟ್ಟರು, ತೀರಿಹೋದರು, ಇನ್ನಿಲ್ಲ. ಎಲ್ಲದರಲ್ಲೂ ಹೋಗುವುದು, ಇಲ್ಲವೇ ಮುಗಿಯುವುದು. ಇದೇ ಕನ್ನಡದಲ್ಲಿ ಬದುಕಿರುವವರು ಮನೆಯಿಂದ ಹೊರಡುವಾಗ ‘ಹೋಗ್ತೀನಿ’ ಅನ್ನುವಂತಿಲ್ಲ. ‘ಬರ್ತೀನಿ’ ಅನ್ನಬೇಕು. ಮಕ್ಕಳು ಬಾಯಿತಪ್ಪಿ ಹೋಗ್ತೀನಿ ಅಂದರೆ ದೊಡ್ಡವರು ಅಲ್ಲೇ ತಿದ್ದುತ್ತಾರೆ. ಅರಬಿಯ ‘ರಾಜಿಊನ್’ ನನಗೆ ಈ ‘ಬರ್ತೀನಿ’ಯ ನೆಂಟನ ಹಾಗೆ ಕೇಳಿಸುತ್ತದೆ. ಅದರ ಬೇರು ‘ರುಜೂ’, ಅಂದರೆ ಮರಳುವುದು. ಹಿಂದೆ ಇದ್ದ ಜಾಗಕ್ಕೆ ಮಾತ್ರ ನಾವು ಮರಳಬಲ್ಲೆವು. ಕಂಡಿರದ ಊರಿಗೆ ಹೋಗಬಹುದು, ಆದರೆ ‘ಮರಳಿದೆ’ ಅನ್ನಲು ಬರುವುದಿಲ್ಲ.

ಹಾಗಾದರೆ ನಾವು ಮೊದಲು ಅಲ್ಲಿದ್ದೆವಾ? ಕುರ್‌ಆನಿನ 7ನೇ ಸೂರಾದ (ಅಧ್ಯಾಯದ) 172ನೇ ಆಯತ್ (ವಚನ) ಇದನ್ನೇ ಹೇಳುತ್ತದೆ. ಆದಮನ ಮಕ್ಕಳೆಲ್ಲರನ್ನೂ ಅಲ್ಲಾಹನು ಮುಂದೆ ನಿಲ್ಲಿಸಿಕೊಂಡು, ನಾನು ನಿಮ್ಮ ಒಡೆಯನಲ್ಲವೇ ಎಂದು ಕೇಳಿದ. ಹೌದು, ನಾವು ಸಾಕ್ಷಿ ಎಂದು ಎಲ್ಲರೂ ಒಪ್ಪಿದರು. ಅದು ಯಾರಿಗೂ ನೆನಪಿಲ್ಲ. ಹುಟ್ಟಿದ ಮನೆಯೂ ಎಲ್ಲರಿಗೂ ನೆನಪಿರುತ್ತದಾ ಹೇಳಿ.

ಇನ್ನೊಂದು ವಿಷಯ. ಆ ಸಾಲು ಸಾವಿಗೆ ಮಾತ್ರ ಮೀಸಲು ಅಂತ ನಾವೇ ಮಾಡಿಕೊಂಡಿದ್ದೇವೆ. ಅದು ಬರುವುದು 2ನೇ ಸೂರಾ ಅಲ್ ಬಕರಾದ 156ನೇ ಆಯತ್‌ನಲ್ಲಿ. ಅದರ ಹಿಂದಿನ ಆಯತ್ ಭಯ, ಹಸಿವು, ಸೊತ್ತಿನ ನಷ್ಟ, ಜೀವನಷ್ಟ, ಬೆಳೆನಷ್ಟ ಎಲ್ಲವನ್ನೂ ಒಂದೇ ಉಸಿರಿನಲ್ಲಿ ಹೇಳುತ್ತದೆ. ಇವೆಲ್ಲ ಬರುತ್ತವೆ, ಬಂದಾಗ ಹೀಗೆ ಹೇಳುವವರಿಗೆ ಶುಭಸುದ್ದಿ ಇದೆ ಅನ್ನುತ್ತದೆ. ಸಾವು ಆ ಪಟ್ಟಿಯಲ್ಲಿ ಒಂದು ಅಷ್ಟೇ. ಸಣ್ಣದೇನಾದರೂ ಕಳೆದುಹೋದಾಗ ಅಜ್ಜಿಯರು ಈ ಸಾಲು ಗುನುಗುತ್ತಿದ್ದುದು ಸರಿಯಾಗಿಯೇ ಇತ್ತು.

ಈ ಸಾಲಿನ ಜೊತೆ ಉಮ್ಮು ಸಲಮಾ ಅವರ ಕಥೆ ನನಗೆ ಬಹಳ ಇಷ್ಟ. ಅವರ ಗಂಡ ಅಬೂ ಸಲಮಾ 625ರ ಉಹುದ್ ಯುದ್ಧದಲ್ಲಿ ಗಾಯಗೊಂಡರು. ಮಾಗಿದ ಗಾಯ ಆಮೇಲೆ ಮತ್ತೆ ಬಿರಿದು ತೀರಿಕೊಂಡರು. ಇಂಥ ಹೊತ್ತಿನಲ್ಲಿ ಈ ಸಾಲಿನ ಜೊತೆ ಒಂದು ದುಆ (ಪ್ರಾರ್ಥನೆ) ಸೇರಿಸಿ ಹೇಳಬೇಕು ಎಂದು ಪ್ರವಾದಿ ಮುಹಮ್ಮದ್(ಸ) ಕಲಿಸಿದ್ದರು. ಅಲ್ಲಾಹ್, ಈ ಕಷ್ಟಕ್ಕೆ ಪ್ರತಿಫಲ ಕೊಡು, ಕಳೆದುಕೊಂಡದ್ದಕ್ಕಿಂತ ಒಳ್ಳೆಯದನ್ನು ಕೊಡು ಅಂತ. ಉಮ್ಮು ಸಲಮಾ ಅದನ್ನು ಹೇಳಿದರು. ಆದರೆ ಹೇಳುವಾಗಲೇ ಮನಸ್ಸಿನಲ್ಲಿ ಬಂತಂತೆ, ಅಬೂ ಸಲಮಾರಿಗಿಂತ ಒಳ್ಳೆಯವರು ಇನ್ಯಾರು ಸಿಗುತ್ತಾರೆ? ಮುಂದೆ ಅವರು ಪ್ರವಾದಿಯವರನ್ನೇ ಮದುವೆಯಾದರು. ಭಾಷಣಗಳಲ್ಲಿ ಆ ಕೊನೆಯ ಭಾಗವನ್ನೇ ಜಾಸ್ತಿ ಹೇಳುತ್ತಾರೆ. ನನ್ನನ್ನು ಹಿಡಿಯುವುದು ಮಧ್ಯದ ಆ ಅನುಮಾನ. ಅದನ್ನು ಅವರು ಮುಚ್ಚಿಡಲಿಲ್ಲ, ತಾವೇ ಬಾಯಿಬಿಟ್ಟು ಹೇಳಿದರು. ಹದೀಸ್, ಅಂದರೆ ಪ್ರವಾದಿಯವರ ನಡೆನುಡಿಯ ವರದಿಗಳನ್ನು ಬರೆದಿಟ್ಟವರೂ ಅಳಿಸಲಿಲ್ಲ. ಬಾಯಿ ದುಆ ಹೇಳುತ್ತಿದೆ, ಮನಸ್ಸು ಗಂಡನ ಹತ್ತಿರವೇ ಇದೆ. ಎರಡೂ ಒಟ್ಟಿಗೆ ಇರಬಹುದು.

ಇದನ್ನು ಹೇಳಲು ಕಾರಣವಿದೆ. ಅಬ್ಬನ ಜನಾಝಾದ (ಅಂತ್ಯಕ್ರಿಯೆಯ) ದಿನ ಒಬ್ಬ ಹಿರಿಯರು ನನ್ನ ಭುಜ ಹಿಡಿದು, "ಅಳಬೇಡ, ಅಲ್ಲಾಹನ ಇಚ್ಛೆ. ನೀನು ಅತ್ತರೆ ಮಯ್ಯಿತ್‌ಗೆ ಶಿಕ್ಷೆ" ಅಂದರು. ಮಯ್ಯಿತ್ ಅಂದರೆ ತೀರಿಕೊಂಡವರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು. ಆದರೆ ಮುಂದಿನ ಮೂರು ದಿನ ನಾನು ಬಾತ್‌ರೂಮಿನ ನಲ್ಲಿ ಬಿಟ್ಟುಕೊಂಡು ಅತ್ತೆ. ನನ್ನ ಕಣ್ಣೀರು ಅಬ್ಬನಿಗೆ ಏಟಾಗಿ ಬೀಳುತ್ತಿದೆ ಅನ್ನುವ ಹೆದರಿಕೆಯಲ್ಲಿ.

ಮನೆಯವರು ಅತ್ತರೆ ಸತ್ತವರಿಗೆ ಶಿಕ್ಷೆಯಾಗುತ್ತದೆ ಅನ್ನುವ ವರದಿ ಹದೀಸ್‌ಗಳಲ್ಲಿ ಇದೆ, ಸುಳ್ಳಲ್ಲ. ಆದರೆ ಅದನ್ನು ಕೇಳಿದಾಗ ಪ್ರವಾದಿಯವರ ಪತ್ನಿ ಆಯಿಷಾ ಅವರೇ ಒಪ್ಪಲಿಲ್ಲ ಅನ್ನುವುದೂ ಅಲ್ಲೇ ಇದೆ. ಒಬ್ಬರ ಹೊರೆಯನ್ನು ಇನ್ನೊಬ್ಬರು ಹೊರುವುದಿಲ್ಲ ಅನ್ನುವ ಆಯತ್ ಓದಿ ಅವರು ತಕರಾರು ತೆಗೆದರು. ಉಲಮಾಗಳು (ಧರ್ಮಪಂಡಿತರು) ಇದರ ಬಗ್ಗೆ ಸಾಕಷ್ಟು ಚರ್ಚಿಸಿದ್ದಾರೆ. ಆ ಮಾತು ಎದೆ ಬಡಿದುಕೊಂಡು ಗೋಳಾಡುವುದಕ್ಕೆ, ಅದರಲ್ಲೂ ಸಾಯುವವರೇ ಹಾಗೆ ಮಾಡಿ ಅಂತ ಹೇಳಿ ಹೋಗಿದ್ದರೆ ಅನ್ವಯಿಸುತ್ತದೆ ಅಂತ ಹಲವರು ವಿವರಿಸಿದ್ದಾರೆ. ಕೆನ್ನೆ ಬಡಿದುಕೊಳ್ಳಬೇಡಿ, ಬಟ್ಟೆ ಹರಿದುಕೊಳ್ಳಬೇಡಿ ಅಂತ ಇಸ್ಲಾಮ್ ತಡೆದಿದೆ. ಕಣ್ಣೀರನ್ನು ತಡೆದಿಲ್ಲ.

ಹೇಗೆ ತಡೆಯುತ್ತದೆ? ಪ್ರವಾದಿಯವರೇ ಅತ್ತಿದ್ದಾರೆ. ಅವರ ಮಗ ಇಬ್ರಾಹಿಮ್ ಇನ್ನೂ ಎರಡು ವರ್ಷ ತುಂಬದ ಮಗು. ಕೊನೆಯುಸಿರು ಎಳೆಯುವಾಗ ಎತ್ತಿಕೊಂಡಿದ್ದರು. ಕಣ್ಣಲ್ಲಿ ನೀರು. ನೀವೂನಾ ಅಂತ ಪಕ್ಕದಲ್ಲಿದ್ದ ಅಬ್ದುರ್ರಹ್ಮಾನ್ ಬಿನ್ ಔಫ್ ಅಚ್ಚರಿಪಟ್ಟರು. ಇದು ಕರುಣೆ ಅಂದರು ಪ್ರವಾದಿ. ಕಣ್ಣು ಹನಿಯುತ್ತದೆ, ಹೃದಯ ನೋಯುತ್ತದೆ, ಆದರೆ ನಮ್ಮ ಒಡೆಯನಿಗೆ ಮೆಚ್ಚುಗೆಯಾಗುವ ಮಾತನ್ನಷ್ಟೇ ಆಡುತ್ತೇವೆ ಅಂದರು. ಆಮೇಲೆ ಆ ಮಗುವಿಗೇ ಹೇಳಿದರು, ಇಬ್ರಾಹಿಮ್, ನೀನು ಅಗಲಿದ್ದಕ್ಕೆ ನಮಗೆ ದುಃಖವಾಗಿದೆ. ಅದೇ ದಿನ ಸೂರ್ಯಗ್ರಹಣವಾಯಿತು. ಖಗೋಳದ ಲೆಕ್ಕ ಹಾಕಿದವರು ಅದನ್ನು 632ರ ಜನವರಿ 27ಕ್ಕೆ ಹೊಂದಿಸುತ್ತಾರೆ. ಪ್ರವಾದಿಯ ಮಗ ಸತ್ತದ್ದಕ್ಕೇ ಸೂರ್ಯ ಕಪ್ಪಾದ ಅಂತ ಜನ ಮಾತಾಡಿಕೊಂಡರು. ಸುಮ್ನೆ ಇದ್ದಿದ್ದರೆ ಸಾಕಿತ್ತು, ದೊಡ್ಡ ಪವಾಡವಾಗಿ ಉಳಿಯುತ್ತಿತ್ತು. ಯಾರ ಸಾವಿಗೂ ಯಾರ ಹುಟ್ಟಿಗೂ ಸೂರ್ಯಚಂದ್ರರಿಗೆ ಗ್ರಹಣ ಹಿಡಿಯುವುದಿಲ್ಲ ಅಂತ ಅವರು ಅಲ್ಲೇ ತಿದ್ದಿದರು. ಮಗನನ್ನು ಮಣ್ಣಿಗಿಟ್ಟ ದಿನ ಇಷ್ಟು ನೇರವಾಗಿ ಮಾತಾಡುವುದು ಹೇಗೆ ಸಾಧ್ಯವಾಯಿತೋ.

ಕುರ್‌ಆನಿನಲ್ಲಿ ಬರುವ ಹಿಂದಿನ ಪ್ರವಾದಿ ಯಾಕೂಬರನ್ನು ನೋಡಿ. ‘ಸಬ್ರುನ್ ಜಮೀಲ್’, ಅಂದರೆ ಚೆಂದದ ತಾಳ್ಮೆ ಅನ್ನುವ ಮಾತು ಅವರ ಬಾಯಿಂದಲೇ ಬಂದದ್ದು. ಮಗ ಯೂಸುಫನಿಗಾಗಿ ಕೊರಗಿ ಕೊರಗಿ ಅವರ ಕಣ್ಣು ಬೆಳ್ಳಗಾಗಿ ಹೋಯಿತು ಅಂತಲೂ ಅದೇ 12ನೇ ಸೂರಾ ಹೇಳುತ್ತದೆ. ಕುರ್‌ಆನಿಗೆ ಇದರಲ್ಲಿ ವಿರೋಧ ಕಾಣಲಿಲ್ಲ. ನಮಗೆ ಯಾಕೆ ಕಾಣುತ್ತದೋ ಗೊತ್ತಿಲ್ಲ. ಸಬ್ರ್ ಅಂದರೆ ಒಣಗಿದ ಕಣ್ಣು ಅಂತ ಯಾರೋ ನಮಗೆ ಹೇಳಿಕೊಟ್ಟುಬಿಟ್ಟಿದ್ದಾರೆ. ಗೋರಿಯ ಹತ್ತಿರ ಅಳುತ್ತಿದ್ದ ಹೆಂಗಸೊಬ್ಬಳಿಗೆ ಪ್ರವಾದಿಯವರು ತಾಳ್ಮೆ ತಂದುಕೋ ಅಂದಾಗ, ಅವರು ಯಾರೆಂದು ತಿಳಿಯದ ಆಕೆ, ದೂರ ಹೋಗಿ, ನನಗೆ ಬಂದ ಕಷ್ಟ ನಿಮಗೆ ಬಂದಿಲ್ಲ ಅಂದಳು. ಅವರು ವಾದ ಮಾಡಲಿಲ್ಲ. ಆಕೆಯೇ ಆಮೇಲೆ ಹುಡುಕಿಕೊಂಡು ಬಂದಳು. ಸಂತಾಪ ಹೇಳಲು ಹೋಗುವ ನಾವೆಲ್ಲ ಈ ಘಟನೆಯನ್ನು ಬಾಗಿಲ ಹೊರಗೆ ಒಮ್ಮೆ ನೆನೆದು ಒಳಗೆ ಹೋಗಬೇಕು.

ಈಗ ಕರುಣೆಯ ವಿಷಯ. ಇಲ್ಲಿ ನನಗೆ ಹೇಳುವುದು ಬಹಳ ಇದೆ, ಯಾಕಂದರೆ ಸಾವಿನ ಬಗ್ಗೆ ನಾನು ಚಿಕ್ಕಂದಿನಲ್ಲಿ ಕೇಳಿದ್ದೆಲ್ಲ ಹೆದರಿಕೆಯೇ. ಕಬರ್‌ನ (ಗೋರಿಯ) ಕತ್ತಲೆ, ಹಾವು, ಚೇಳು, ಪ್ರಶ್ನೆ ಕೇಳಲು ಬರುವ ಮುನ್ಕರ್ ಮತ್ತು ನಕೀರ್ ಅನ್ನುವ ದೇವದೂತರು. ಈಗ ರೀಲ್ಸ್‌ನಲ್ಲಿ ಅದಕ್ಕೆ ಸಂಗೀತವೂ ಸೇರಿದೆ. ಶಿಕ್ಷೆ ಇಲ್ಲ ಅಂತ ನಾನು ಹೇಳುತ್ತಿಲ್ಲ. ಕುರ್‌ಆನಿನಲ್ಲಿ ನರಕದ ಮಾತು ಧಾರಾಳವಾಗಿದೆ, ಅದನ್ನು ಮುಚ್ಚಿಟ್ಟು ಮಾತಾಡುವುದು ಅಪ್ರಾಮಾಣಿಕತನ. ನನ್ನ ಜಗಳ ಅಳತೆಯ ಬಗ್ಗೆ. 7ನೇ ಸೂರಾದ 156ನೇ ಆಯತ್ ಶಿಕ್ಷೆ ಮತ್ತು ಕರುಣೆ ಎರಡನ್ನೂ ಅಕ್ಕಪಕ್ಕ ಇಟ್ಟು ಹೇಳುತ್ತದೆ. ಶಿಕ್ಷೆ ನಾನು ಬಯಸಿದವರಿಗೆ ತಟ್ಟುತ್ತದೆ, ನನ್ನ ಕರುಣೆಯಾದರೋ ಎಲ್ಲವನ್ನೂ ಆವರಿಸಿದೆ. ನನ್ನ ಕರುಣೆ ನನ್ನ ಕೋಪವನ್ನು ಮೀರಿದೆ ಅಂತ ಅಲ್ಲಾಹನು ಬರೆದಿಟ್ಟುಕೊಂಡಿದ್ದಾನೆ ಅನ್ನುವ ಹದೀಸೂ ಇದೆ. ಭಾಷಣ ಮಾಡುವವರ ಬಾಯಲ್ಲಿ ಈ ಅಳತೆ ತಿರುಗುಮುರುಗಾಗಿದೆ.

ಕುರ್‌ಆನಿನ 114 ಸೂರಾಗಳಲ್ಲಿ 113 ಶುರುವಾಗುವುದೇ ರಹ್ಮಾನ್, ರಹೀಮ್ ಅನ್ನುವ ಎರಡು ಹೆಸರುಗಳಿಂದ. ಎರಡೂ ಕರುಣೆಯ ಹೆಸರು. ಇವುಗಳ ಬೇರಿನಿಂದಲೇ ಬಂದ ಇನ್ನೊಂದು ಪದ ತಾಯಿಯ ಗರ್ಭಕ್ಕೆ ಅರಬಿಯಲ್ಲಿರುವ ಹೆಸರು. ಅದನ್ನು ನನ್ನ ಹೆಸರಿನಿಂದಲೇ ತೆಗೆದೆ ಅಂತ ಅಲ್ಲಾಹನು ಹೇಳಿದ್ದಾಗಿ ಹದೀಸ್ ಇದೆ. ಒಮ್ಮೆ ಸೆರೆಯಾಳುಗಳ ಗುಂಪಿನಲ್ಲಿ ಹೆಂಗಸೊಬ್ಬಳು ಏನನ್ನೋ ಹುಡುಕುತ್ತಾ ಓಡಾಡುತ್ತಿದ್ದಳು. ಮಗು ಸಿಕ್ಕಿತು, ಬಾಚಿ ಎದೆಗವಚಿಕೊಂಡು ಹಾಲೂಡಿಸಿದಳು. ಪ್ರವಾದಿಯವರು ಜೊತೆಗಿದ್ದವರನ್ನು ಕೇಳಿದರು, ಇವಳು ಈ ಮಗುವನ್ನು ಬೆಂಕಿಗೆ ಎಸೆಯುತ್ತಾಳೆ ಅನ್ನಿಸುತ್ತದಾ? ಖಂಡಿತ ಇಲ್ಲ ಅಂದರು. ಇವಳಿಗೆ ಮಗುವಿನ ಮೇಲಿರುವುದಕ್ಕಿಂತ ಜಾಸ್ತಿ ಕರುಣೆ ಅಲ್ಲಾಹನಿಗೆ ತನ್ನ ದಾಸರ ಮೇಲಿದೆ ಅಂದರು. ಇನ್ನೊಮ್ಮೆ ಲೆಕ್ಕ ಹಾಕಿಯೇ ಹೇಳಿದರು. ಅಲ್ಲಾಹನು ಕರುಣೆಯನ್ನು 100 ಪಾಲು ಮಾಡಿ 99ನ್ನು ತನ್ನ ಹತ್ತಿರ ಇಟ್ಟುಕೊಂಡ, ಒಂದನ್ನು ಭೂಮಿಗೆ ಇಳಿಸಿದ. ತುಳಿದುಬಿಟ್ಟೇನೋ ಅಂತ ಕುದುರೆ ತನ್ನ ಮರಿಯ ಮೇಲಿಂದ ಗೊರಸು ಎತ್ತಿಕೊಳ್ಳುವುದೂ ಆ ಒಂದು ಪಾಲಿನಲ್ಲೇ ಬರುತ್ತದೆ. ಅಬ್ಬ ನನ್ನನ್ನು ಬೈದದ್ದು, ಕಾದದ್ದು, ಜ್ವರ ಬಂದಾಗ ರಾತ್ರಿ ಎದ್ದು ಕೂತದ್ದು ಎಲ್ಲವೂ ಆ ಒಂದು ಪಾಲಿನ ಚೂರಿನ ಚೂರು. ಉಳಿದ 99ರ ಹತ್ತಿರ ಅವರು ಹೋಗಿದ್ದಾರೆ ಅಂದುಕೊಂಡ ದಿನ ನನಗೆ ನಿದ್ದೆ ಬಂತು.

ಇಷ್ಟು ಕರುಣೆಯಿದ್ದರೆ ಹೇಗೆ ಬದುಕಿದರೂ ನಡೆಯುತ್ತದೆ ಅಲ್ವಾ ಅಂತ ಕೇಳುವವರಿದ್ದಾರೆ. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲು ಹದೀಸಿನಲ್ಲಿ ಬರುವ, 99 ಕೊಲೆ ಮಾಡಿದವನ ಕಥೆ. ಅವನಿಗೆ ತೌಬಾ (ಪಶ್ಚಾತ್ತಾಪ) ಮಾಡಬೇಕು ಅನ್ನಿಸಿತು. ಒಬ್ಬ ಸನ್ಯಾಸಿಯ ಹತ್ತಿರ ಹೋದ. ನಿನ್ನಂಥವನಿಗೆ ಕ್ಷಮೆಯೆಲ್ಲಿಂದ ಅಂದ ಸನ್ಯಾಸಿ. ಅವನನ್ನೂ ಕೊಂದು ನೂರು ಮಾಡಿದ. ಆಮೇಲೆ ಬಲ್ಲವನೊಬ್ಬನ ಹತ್ತಿರ ಹೋದ. ನಿನಗೂ ತೌಬಾಕ್ಕೂ ನಡುವೆ ಅಡ್ಡ ನಿಲ್ಲುವವರು ಯಾರು, ಈ ಕೆಟ್ಟ ಊರು ಬಿಡು, ಒಳ್ಳೆಯ ಜನರಿರುವ ಇಂಥ ಊರಿಗೆ ಹೋಗು ಅಂದ ಅವನು. ಹೊರಟ. ದಾರಿಯ ನಡುವೆ ಸತ್ತ. ಕರುಣೆಯ ಮಲಕ್‌ಗಳಿಗೂ (ದೇವದೂತರಿಗೂ) ಶಿಕ್ಷೆಯ ಮಲಕ್‌ಗಳಿಗೂ ಜಗಳವಾಯಿತು. ಎರಡೂ ಊರಿಗೆ ದೂರ ಅಳೆಯಿರಿ ಅಂತ ತೀರ್ಮಾನವಾಯಿತು. ಒಳ್ಳೆಯ ಊರಿಗೆ ಒಂದು ಗೇಣು ಹತ್ತಿರವಿದ್ದ. ಆ ಗೇಣನ್ನು ಗಳಿಸಿಕೊಟ್ಟವನೂ ಅಲ್ಲಾಹನೇ, ಆ ಕಡೆಯ ನೆಲಕ್ಕೆ ಹತ್ತಿರ ಬಾ, ಈ ಕಡೆಯ ನೆಲಕ್ಕೆ ದೂರ ಸರಿ ಅಂತ ಹೇಳಿ, ಅನ್ನುತ್ತದೆ ಒಂದು ವರದಿ.

ಇದರಲ್ಲಿ ಆ ಸನ್ಯಾಸಿ ನಮ್ಮ ಮಧ್ಯೆ ಬಹಳ ಜನ ಇದ್ದಾರೆ. ಯಾರೋ ಸತ್ತ ಸುದ್ದಿಯ ಕೆಳಗೆ, ಇವರು ನಮಾಝ್ ಮಾಡುತ್ತಿರಲಿಲ್ಲ, ಇವರ ಗತಿ ಏನೋ ಅಂತ ಬರೆಯುವವರು. ಅವರಿಗೂ ಒಂದು ಹದೀಸ್ ಇದೆ. ಒಬ್ಬ ಮನುಷ್ಯ ಇನ್ನೊಬ್ಬನ ಬಗ್ಗೆ, ಆಣೆಯಾಗಿ ಅಲ್ಲಾಹ್ ಇವನನ್ನು ಕ್ಷಮಿಸುವುದಿಲ್ಲ ಅಂದ. ನಾನು ಕ್ಷಮಿಸುವುದಿಲ್ಲ ಅಂತ ನನ್ನ ಪರವಾಗಿ ಆಣೆ ಹಾಕಲು ಇವನ್ಯಾರು, ಅವನನ್ನು ಕ್ಷಮಿಸಿದ್ದೇನೆ, ಇವನ ಒಳ್ಳೆಯ ಕೆಲಸಗಳನ್ನು ಅಳಿಸಿದ್ದೇನೆ ಅಂದ ಅಲ್ಲಾಹ್. ಕಾಮೆಂಟ್ ಹಾಕುವ ಮುನ್ನ ಯೋಚಿಸಿ.

ತೌಬಾ ಅಂದೆನಲ್ಲ, ಅದರ ಮೂಲ ಅರ್ಥವೂ ಮರಳುವುದೇ. ಇದು ತಿಳಿದ ಮೇಲೆ ಆ ಸಾಲು ನನಗೆ ಬೇರೆಯಾಗಿಯೇ ಕೇಳಿಸತೊಡಗಿತು. ಒಂದು ಮರಳುವಿಕೆ ಸಾವಿನಲ್ಲಿ, ಅದಕ್ಕೆ ಯಾರ ಒಪ್ಪಿಗೆಯೂ ಬೇಕಿಲ್ಲ. ಇನ್ನೊಂದು ಬದುಕಿರುವಾಗಲೇ, ನಮ್ಮ ಕಾಲ ಮೇಲೆ ನಾವೇ. ಹಾಗೆ ಮರಳಿದವನನ್ನು ಕಂಡು ಅಲ್ಲಾಹನಿಗಾಗುವ ಖುಷಿಯನ್ನು ಪ್ರವಾದಿಯವರು ಒಂಟೆ ಕಳೆದುಕೊಂಡವನಿಗೆ ಹೋಲಿಸಿದ್ದಾರೆ. ಮರುಭೂಮಿ. ಊಟ ನೀರು ಎಲ್ಲ ಒಂಟೆಯ ಮೇಲೆಯೇ ಇತ್ತು. ಇನ್ನು ಸಾಯುವುದೇ ಅಂತ ನೆರಳಿಗೆ ಬಿದ್ದುಕೊಂಡ. ಕಣ್ಣು ತೆರೆದರೆ ಒಂಟೆ ಎದುರಿಗೇ ನಿಂತಿದೆ. ಹಗ್ಗ ಹಿಡಿದು, ಖುಷಿಗೆ ನಾಲಗೆ ತೊದಲಿ, ಅಲ್ಲಾಹ್, ನೀನು ನನ್ನ ದಾಸ, ನಾನು ನಿನ್ನ ಒಡೆಯ ಅಂದುಬಿಟ್ಟನಂತೆ! ಅವನಿಗಿಂತಲೂ ಜಾಸ್ತಿ ಖುಷಿ ಅಲ್ಲಾಹನಿಗೆ ಅಂದರು. ಗಂಭೀರ ವಿಷಯದಲ್ಲಿ ನಗು ಬರಿಸುವ ಹದೀಸ್‌ಗಳಲ್ಲಿ ಇದೊಂದು.

ಅಬ್ಬನ ಜನಾಝಾ ನಮಾಝಿನಲ್ಲಿ ನಿಂತಾಗಲೂ ಆ ‘ನಾವು’ ಎದುರಾಯಿತು. ಈ ನಮಾಝಿನಲ್ಲಿ ಬಾಗುವುದಿಲ್ಲ, ಹಣೆ ನೆಲಕ್ಕಿಡುವುದಿಲ್ಲ. ನಾಲ್ಕು ತಕ್ಬೀರ್ (ಅಲ್ಲಾಹು ಅಕ್ಬರ್ ಅನ್ನುವುದು), ನಿಂತೇ ಮುಗಿಯುತ್ತದೆ. ಮೂರನೆಯ ತಕ್ಬೀರ್ ಆದ ಮೇಲೆ ಸತ್ತವರಿಗಾಗಿ ದುಆ. ಅದರಲ್ಲಿ ಹೆಚ್ಚು ಕೇಳಿಬರುವ ಒಂದು ದುಆದ ಮೊದಲ ಮಾತು ಏನು ಗೊತ್ತಾ? ಅಲ್ಲಾಹ್, ನಮ್ಮಲ್ಲಿ ಬದುಕಿರುವವರನ್ನು ಕ್ಷಮಿಸು, ಸತ್ತವರನ್ನು ಕ್ಷಮಿಸು. ಬದುಕಿರುವವರೇ ಮೊದಲು. ಹೆಣ ಮುಂದಿದೆ, ಹಿಂದೆ ನಿಂತವರು ಮೊದಲು ತಮಗಾಗಿ ಕೇಳಿಕೊಳ್ಳುತ್ತಾರೆ. ಆಮೇಲೆ ಮೂರು ಹಿಡಿ ಮಣ್ಣು. ಮಣ್ಣು ಹಾಕುವಾಗ ಹಲವರು ಓದುವುದು 20ನೇ ಸೂರಾದ 55ನೇ ಆಯತ್. ಇದರಿಂದಲೇ ನಿಮ್ಮನ್ನು ಸೃಷ್ಟಿಸಿದೆವು, ಇದಕ್ಕೇ ನಿಮ್ಮನ್ನು ಮರಳಿಸುತ್ತೇವೆ, ಇದರಿಂದಲೇ ಮತ್ತೊಮ್ಮೆ ಹೊರತೆಗೆಯುತ್ತೇವೆ. ‘ನಿಮ್ಮನ್ನು’ ಅಂತಿದೆ, ‘ಇವನನ್ನು’ ಅಂತಿಲ್ಲ.

ಹದೀಸ್ ಹೇಳುವಂತೆ ಸತ್ತವರ ಹಿಂದೆ ಮೂರು ಹೋಗುತ್ತವೆ, ಮನೆಯವರು, ಸೊತ್ತು, ಮಾಡಿದ ಕೆಲಸ. ಮೊದಲೆರಡು ಮರಳುತ್ತವೆ, ಕೆಲಸ ಉಳಿಯುತ್ತದೆ. ನಾವೂ ಮನೆಗೆ ಮರಳಿದೆವು.

ಈಗ ಆ ಪ್ರಶ್ನೆ, ಕರುಣೆ ಇಷ್ಟಿದ್ದರೆ ಹೇಗೆ ಬದುಕಿದರೂ ನಡೆಯುತ್ತದಾ ಅನ್ನುವುದು. ನಡೆಯುವುದಿಲ್ಲ. ಅಲ್ಲಾಹನಿಗೆ ಮಾಡಿದ ತಪ್ಪಿನ ಲೆಕ್ಕ ಬೇರೆ, ಮನುಷ್ಯರಿಗೆ ಮಾಡಿದ ತಪ್ಪಿನ ಲೆಕ್ಕ ಬೇರೆ. ಮನುಷ್ಯರ ಹಕ್ಕನ್ನು ಆ ಮನುಷ್ಯನಿಗೇ ತೀರಿಸಬೇಕು, ಇಲ್ಲವೇ ಅವನೇ ಬಿಟ್ಟುಕೊಡಬೇಕು. ಹುತಾತ್ಮನ ಪಾಪಗಳೆಲ್ಲ ಕ್ಷಮೆಯಾಗುತ್ತವೆ, ಸಾಲವೊಂದನ್ನು ಬಿಟ್ಟು. ಒಬ್ಬರ ಜನಾಝಾ ಬಂದಾಗ ಇವರಿಗೆ ಸಾಲ ಇತ್ತಾ ಅಂತ ಪ್ರವಾದಿಯವರು ಕೇಳಿದರು. ಕೆಲವು ದೀನಾರ್ ಇತ್ತು. ಹಾಗಾದರೆ ನೀವೇ ನಮಾಝ್ ಮಾಡಿಕೊಳ್ಳಿ ಅಂದುಬಿಟ್ಟರು. ಅಬೂ ಕತಾದಾ ಅನ್ನುವವರು ಆ ಸಾಲ ನನ್ನ ಮೇಲಿರಲಿ ಅಂದ ಮೇಲೆಯೇ ನಮಾಝಿಗೆ ನಿಂತರು. ಆಸ್ತಿ ಹಂಚಿಕೆಯಾಗುವುದೂ ಸಾಲ ತೀರಿದ ಮೇಲೆಯೇ. ಇನ್ನೊಂದು ಮಾತು ಕೇಳಿ. ಇಡೀ ಕುರ್‌ಆನಿನಲ್ಲಿ ಎಲ್ಲಕ್ಕಿಂತ ಉದ್ದದ ಆಯತ್ ಯಾವುದರ ಬಗ್ಗೆ? ಸ್ವರ್ಗದ ಬಗ್ಗೆಯೂ ಅಲ್ಲ, ನರಕದ ಬಗ್ಗೆಯೂ ಅಲ್ಲ. ಸಾಲ ಕೊಟ್ಟಾಗ ತೆಗೆದುಕೊಂಡಾಗ ಬರೆದಿಡಿ ಅನ್ನುವುದರ ಬಗ್ಗೆ. ಅದು ‘ನಾವು ಮರಳುವವರು’ ಇರುವ ಅದೇ ಅಲ್ ಬಕರಾದಲ್ಲೇ ಇದೆ, 282ನೆಯದು.

ಅಬ್ಬ ಬರೆದಿಟ್ಟಿದ್ದರು. ದಫನ ಆದ ವಾರಕ್ಕೆ ಅವರ ಹಳೆಯ ಡೈರಿ ತೆರೆದಾಗ ಕೊನೆಯ ಪುಟದಲ್ಲಿ ಮೂರು ಹೆಸರು ಸಿಕ್ಕವು, ಪಕ್ಕದಲ್ಲಿ ಮೊತ್ತ. ಸಣ್ಣ ಮೊತ್ತಗಳೇ. ಅಮ್ಮಿಗೂ ಗೊತ್ತಿರಲಿಲ್ಲ. ಮೊದಲ ಹೆಸರಿನವರು ನನಗೆ ಪರಿಚಯದವರೇ, ದುಡ್ಡು ಮುಟ್ಟಲೇ ಇಲ್ಲ, ಯಾವಾಗಲೋ ಮನ್ನಾ ಮಾಡಿದ್ದೇನೆ ಅಂದರು. ನನ್ನ ಎದುರು ಇನ್ನೊಮ್ಮೆ ಬಾಯಿಬಿಟ್ಟು ಹೇಳಿ ಅಂತ ಕೇಳಿಕೊಂಡೆ, ಹೇಳಿದರು. ಎರಡನೆಯವರು ತೀರಿಹೋಗಿದ್ದರು, ಅವರ ಮಗಳಿಗೆ ಮರಳಿಸಿದೆ. ಆಕೆಗೆ ಇದ್ಯಾವುದೂ ಗೊತ್ತಿರಲಿಲ್ಲ, ಬಾಗಿಲಲ್ಲೇ ನಿಂತು ಅತ್ತುಬಿಟ್ಟಳು. ನಾನು ಅಳಬೇಡ ಅನ್ನಲಿಲ್ಲ. ಮೂರನೆಯದು ಬರೀ ಒಂದು ಹೆಸರು, ಮನೆತನವಿಲ್ಲ, ನಂಬರಿಲ್ಲ. ಅಬ್ಬನ ಜೊತೆ ಕೆಲಸ ಮಾಡಿದವರನ್ನೆಲ್ಲ ಕೇಳಿದ್ದಾಯಿತು. ಆ ಹೆಸರಿನವರು ಇಬ್ಬರಿದ್ದರು ಅಂತ ಒಬ್ಬರು, ಯಾರೂ ಇರಲಿಲ್ಲ ಅಂತ ಇನ್ನೊಬ್ಬರು. ಕೊನೆಗೆ ಉಸ್ತಾದರೊಬ್ಬರನ್ನು ಕೇಳಿದೆ. ಹುಡುಕಿಯೂ ಸಿಗದಿದ್ದರೆ ಅವರ ಹೆಸರಿನಲ್ಲಿ ಸದಕಾ (ದಾನ) ಕೊಟ್ಟುಬಿಡಿ, ಮುಂದೆ ಎಂದಾದರೂ ಸಿಕ್ಕರೆ ವಿಷಯ ಹೇಳಿ, ಅವರು ದುಡ್ಡೇ ಬೇಕು ಅಂದರೆ ಕೊಡಿ ಅಂದರು. ಕೊಟ್ಟೆ. ಆದರೂ ಅಷ್ಟೇ ಮೊತ್ತವನ್ನು ಇನ್ನೊಂದು ಲಕೋಟೆಯಲ್ಲಿ ಹಾಕಿ ಆ ಡೈರಿಯೊಳಗೇ ಇಟ್ಟಿದ್ದೇನೆ, ಮೇಲೆ ಆ ಹೆಸರು ಬರೆದು. ಆ ಹೆಸರಿನವರು ಯಾರೇ ಪರಿಚಯವಾದರೂ, ನಿಮಗೆ ನಮ್ಮ ಅಬ್ಬ ಗೊತ್ತಿತ್ತಾ ಅಂತ ಈಗಲೂ ಕೇಳುತ್ತೇನೆ.